ನಲವತ್ತೊಂದು ಮೊಳದ ಪಂಚನಾಮೆ

ಹವಾಲ್ದಾರ ಇಮಾಮಸಾಬ ನದಾಫರು ಹೋದ ತಿಂಗಳು ನಿವೃತ್ತರಾದರು. ಠಾಣೆಯಲ್ಲಿ ಒಂದು ಹಾರ, ಒಂದು ಶಾಲು, ಒಂದು ಗೋಡೆ ಗಡಿಯಾರ ಕೊಟ್ಟು ಕಳಿಸಿದರಂತೆ. ಭಾಷಣ ಮಾಡಿದ ಸಾಹೇಬರಿಗೆ ಇವರ ಬಗ್ಗೆ ಹೇಳಲು ಏನೂ ಸಿಗದೆ ‘ಸಮಯಪಾಲನೆ’ ಅಂದರಂತೆ. ಕೇಳಿ ನನಗೆ ನಗುವೂ ಬಂತು, ಸಿಟ್ಟೂ ಬಂತು. ಸಮಯಪಾಲನೆಯಂತೆ! ಒಂದು ಹಾಳೆ ಬರೆಯಲು ಅರ್ಧ ತಾಸು ತೆಗೆದುಕೊಳ್ಳುವ ಮನುಷ್ಯ ಅವರು. ಆ ನಿಧಾನದಿಂದಲೇ ನಾನು ಇವತ್ತು ನನ್ನ ಮನೆಯಲ್ಲಿ ಕೂತು ಇದನ್ನು ಬರೆಯುತ್ತಿದ್ದೇನೆ. ಯಾರೂ ಹೇಳದಿದ್ದರೆ ಬೇಡ, ನಾನು ಹೇಳುತ್ತೇನೆ.

ಅವರಪ್ಪ ಹತ್ತಿ ಹಿಂಜುವವರು. ಹೆಗಲ ಮೇಲೆ ಬಿಲ್ಲು ಹೊತ್ತು ಊರೂರು ತಿರುಗಿ, ಹಳೆಯ ಗಾದಿಗಳನ್ನು ಬಿಚ್ಚಿ, ಹತ್ತಿ ಹಿಂಜಿ, ಮತ್ತೆ ತುಂಬಿ ಹೊಲಿದು ಕೊಡುತ್ತಿದ್ದರು. ಮಗನೂ ಹತ್ತನೆಯ ಇಯತ್ತೆ ಮುಗಿಯುವವರೆಗೆ ಅಪ್ಪನ ಹಿಂದೆ ತಿರುಗಿದವರೇ. ಆಮೇಲೆ ಪೊಲೀಸ್ ಭರ್ತಿಯಾಯಿತು. ಎತ್ತರದ ಆಳು, ಅಗಲವಾದ ಅಂಗೈ, ಯಾರನ್ನೂ ಹೊಡೆದದ್ದನ್ನು ಊರಲ್ಲಿ ಒಬ್ಬರೂ ನೋಡಿಲ್ಲ. ಕಳ್ಳನನ್ನು ಬೆನ್ನಟ್ಟಿ ಹಿಡಿದರೆಂಬ ಕತೆಯೂ ಇಲ್ಲ. ಠಾಣೆಯಲ್ಲಿ ಅವರಿಗೆ ಬರವಣಿಗೆಯ ಕೆಲಸ. ಬರೆದ ಪ್ರತಿ ಸಾಲನ್ನೂ ಗಟ್ಟಿಯಾಗಿ ಓದಿ, ಎದುರಿಗಿದ್ದವರನ್ನು ‘ಹೌದೋ ಅಲ್ಲೋ?’ ಎಂದು ಕೇಳಿ, ಅವರು ಹೌದು ಅಂದ ಮೇಲೆಯೇ ಮುಂದಿನ ಸಾಲಿಗೆ ಹೋಗುತ್ತಿದ್ದರು. ಉಳಿದ ಪೊಲೀಸರು ಅವರನ್ನು ‘ಪಂಚನಾಮೆ ಸಾಬ್ರು’ ಎಂದು ಆಡಿಕೊಳ್ಳುತ್ತಿದ್ದರು. ಅದು ಕೇಳಿಸಿದರೂ ಅವರು ಕೇಳಿಸದಂತೆ ಇರುತ್ತಿದ್ದರು.

ಇನ್ನು ನನ್ನ ವಿಷಯ. ನನ್ನ ಹೆಸರು ಸಾವಂತ್ರೆವ್ವ. ನಮ್ಮದು ನೇಕಾರ ಓಣಿ. ಎರಡಂಕಣದ ಮನೆ, ಹಿಂದೆ ಒಲೆ, ಮುಂದೆ ಕುಣಿಮಗ್ಗ. ನೆಲ ತೋಡಿದ ಕುಣಿಯಲ್ಲಿ ಕಾಲು ಇಳಿಬಿಟ್ಟು ಕೂತು ನೇಯಬೇಕು. ಮದುವೆಯಾಗಿ ಬಂದ ಎರಡನೆಯ ವಾರವೇ ಅತ್ತೆ ನನ್ನನ್ನು ಆ ಕುಣಿಗೆ ಇಳಿಸಿದಳು, ನಾನು ಇನ್ನೂ ಮೇಲೆ ಬಂದಿಲ್ಲ. ಹದಿನೈದು ವರ್ಷದ ಹಿಂದೆ ಗಂಡ ಕಾಮಾಲೆಯಲ್ಲಿ ಹೋದ. ಇಬ್ಬರು ಸಣ್ಣ ಹೆಣ್ಣುಮಕ್ಕಳನ್ನು ಕಟ್ಟಿಕೊಂಡು ಮಗ್ಗದ ಮೇಲೆಯೇ ಬದುಕು ನಡೆಸಿದ್ದೆ.

ಮನೆ ಮಾತ್ರ ಕಾಗದದಲ್ಲಿ ಭಾವನ ಹೆಸರಿಗಿತ್ತು. ಮಾವ ಸತ್ತಾಗ ಹಿರಿಮಗ ಎಂದು ಮನೆಯ ದಾಖಲೆ ಉತಾರದಲ್ಲಿ ಅವನ ಹೆಸರು ಹಚ್ಚಿದ್ದರು. ಭಾವ ವಿರೂಪಾಕ್ಷಪ್ಪ ಬೇರೆ ಊರಲ್ಲಿ ಬಟ್ಟೆ ಅಂಗಡಿ ಇಟ್ಟುಕೊಂಡು ಹಾಯಾಗಿದ್ದ. ತಮ್ಮ ಸತ್ತು ಏಳು ತಿಂಗಳಿಗೆ, ನನಗೊಂದು ಮಾತು ಸಹ ಹೇಳದೆ, ಗೊಬ್ಬರದ ವ್ಯಾಪಾರಿ ಚನ್ನವೀರಪ್ಪನಿಗೆ ಮನೆ ಬರೆದುಕೊಟ್ಟ. ಚನ್ನವೀರಪ್ಪನ ಗೋದಾಮು ನಮ್ಮ ಹಿಂದಿನ ಗೋಡೆಗೆ ಹತ್ತಿಕೊಂಡೇ ಇತ್ತು. ಅದನ್ನು ನಮ್ಮ ಓಣಿಯವರೆಗೆ ಹಿಗ್ಗಿಸುವ ಆಸೆ ಅವನಿಗೆ.

ಕೋರ್ಟಿಗೆ ಹೋಗಿ ನನ್ನನ್ನು ಬಿಡಿಸಬೇಕೆಂದರೆ ವರ್ಷಗಟ್ಟಲೆ ಕಾಯಬೇಕು. ಅಷ್ಟು ತಾಳ್ಮೆ ಯಾರಿಗಿದೆ? ಒಂದು ಸೋಮವಾರ ನಾನು ನೂಲು ತರಲು, ಸೀರೆ ನೇಯಿಸುವ ಮಾಲೀಕರ ಮನೆಗೆ ಹೋದಾಗ, ಮಕ್ಕಳು ಸಾಲೆಗೆ ಹೋದಾಗ, ನಮ್ಮ ಬಾಗಿಲಿಗೆ ಹೊಸ ಬೀಗ ಬಿತ್ತು. ನೂಲಿನ ಗಂಟು ಹೊತ್ತು ಬಂದವಳು ನೋಡಿದೆ. ತಲೆ ಕೆಟ್ಟು ಹೋಯಿತು. ಹೊರಗಿನ ನೀರೊಲೆಯ ಪಕ್ಕದ ಗುಂಡುಕಲ್ಲು ತಂದು ನಾಲ್ಕೇ ಏಟಿಗೆ ಬೀಗ ಒಡೆದು ಒಳಗೆ ಹೋದೆ. ಅವರಿಗೆ ಬೇಕಾಗಿದ್ದದ್ದೂ ಅದೇ. ಸಂಜೆಯೊಳಗೆ ಠಾಣೆಯಲ್ಲಿ ಫಿರ್ಯಾದಿ ಬಿತ್ತು: ಗಂಡ ಸತ್ತ ಮೇಲೆ ಸಾವಂತ್ರೆವ್ವ ತವರಿಗೆ ಹೋದಳು, ಮನೆ ಏಳು ತಿಂಗಳಿಂದ ಖಾಲಿ, ಬೀಗ ಹಾಕಿ ನಮ್ಮ ಕಬ್ಜಾದಲ್ಲಿತ್ತು, ಸೋಮವಾರ ಬೀಗ ಮುರಿದು ಮಗ್ಗ ಸಾಮಾನು ತಂದು ಹೊಕ್ಕಿದ್ದಾಳೆ.

ತವರಿಗೆ ಹೋದದ್ದು ನಿಜ, ಹದಿಮೂರು ದಿನ. ಬೀಗ ಒಡೆದದ್ದೂ ನಿಜ. ಎರಡು ನಿಜಗಳ ನಡುವೆ ಸುಳ್ಳನ್ನು ಹೊಂದಿಸಿ ಕೂರಿಸಿದ್ದರು.

ಗುರುವಾರ ಮುಂಜಾನೆ ಠಾಣೆಗೆ ಕರೆಸಿದರು. ಆಗಿನ ಫೌಜದಾರರು ಹೊಸಬರು, ಬಿಸಿ ರಕ್ತ. ಚನ್ನವೀರಪ್ಪ ಅವರೆದುರಿಗೆ ಕುರ್ಚಿಯ ಮೇಲೆ ಕೂತು ಚಹಾ ಕುಡಿಯುತ್ತಿದ್ದ. ಭಾವ ಅವನ ಪಕ್ಕ ನಿಂತಿದ್ದ. ನನಗೆ ಕುರ್ಚಿಯನ್ನು ಯಾರು ಕೊಡುತ್ತಾರೆ, ಗೋಡೆಗೆ ಒರಗಿ ನಿಂತೆ.

“ಏನವಾ, ಬೀಗ ಒಡದೀ?” ಎಂದರು ಫೌಜದಾರರು.

“ಹೌದ್ರಿ. ನನ್ನ ಮನಿ ಬೀಗ ನಾ ಒಡದೇನಿ.”

“ನಿನ್ನ ಮನಿ? ಕಾಗದ ಇವರ ಹೆಸರಿಗೆ ಐತಿ. ಎಂಟು ದಿನದಾಗ ಖಾಲಿ ಮಾಡ್ತೇನಿ ಅಂತ ಬರದುಕೊಟ್ಟು ಹೋಗು. ಇಲ್ಲಾಂದ್ರ ಇವತ್ತ ಒಳಗ ಕೂಡ್ತಿ. ಆಮ್ಯಾಲ ನಿನ್ನ ಮಕ್ಕಳನ್ನ ಯಾರು ನೋಡ್ಕೋತಾರ?”

ಮಕ್ಕಳ ಹೆಸರು ತೆಗೆಯುವವರೆಗೆ ಗಟ್ಟಿಯಾಗಿದ್ದವಳು ನಾನು. ಸಹಿ ಮಾಡಿ ಹೋಗಿಬಿಡಲೇ ಎಂದು ಯೋಚಿಸಿದ್ದೂ ನಿಜ, ಸುಳ್ಳು ಹೇಳುವುದಿಲ್ಲ. ಎಂಟು ದಿನದಲ್ಲಿ ಮಕ್ಕಳನ್ನು ಕರೆದುಕೊಂಡು ಹೋಗುವುದು ಎಲ್ಲಿಗೆ ಎಂದೂ ಗೊತ್ತಿರಲಿಲ್ಲ.

“ನದಾಫ್, ಬರೀರಿ ಮುಚ್ಚಳಿಕೆ,” ಎಂದರು ಸಾಹೇಬರು.

ಮೂಲೆಯ ಮೇಜಿನಿಂದ ಇಮಾಮಸಾಬರು ಎದ್ದರು. ಕೈಯಲ್ಲಿ ಫಿರ್ಯಾದಿ ಕಾಗದ.

“ಬರೀತೇನ್ರಿ ಸರ್. ಆದ್ರ ಬೀಗ ಮುರದಾರ ಅಂತ ಫಿರ್ಯಾದಿ ಐತ್ರಿ. ಜಾಗಾ ನೋಡಿ ಪಂಚನಾಮೆ ಮಾಡಲಾರದ ಮುಚ್ಚಳಿಕೆ ಹೆಂಗ ಬರಸಕೊಂಡ್ರಿ ಅಂತ ನಾಳೆ ಯಾರರ ಕೇಳಿದ್ರ?”

“ಯಾರು ಕೇಳ್ತಾರ?”

“ಯಾರೂ ಕೇಳಲಿಕ್ಕಿಲ್ರಿ. ಕೇಳಿದ್ರ ಅಂತಂದೆ.”

ಚನ್ನವೀರಪ್ಪನಿಗೆ ಇದು ಪಸಂದಾಯಿತು. “ಮಾಡ್ಲಿ ಬಿಡ್ರಿ ಸಾಹೇಬ್ರ, ನಮಗೂ ಗಟ್ಟಿ ಆಗ್ತೈತಿ. ಪಂಚರನ್ನ ನಾನ ಕರಕೊಂಡ ಬರ್ತೇನಿ,” ಎಂದ. ತಾನೇ ಕರೆದ ಪಂಚನಾಮೆ ತನ್ನ ಕೊರಳಿಗೇ ಬೀಳಬಹುದು ಎಂದು ಅವನಿಗೆ ಹೊಳೆಯಲಿಲ್ಲ. ನನಗೂ ಹೊಳೆಯಲಿಲ್ಲ. ಇವರೆಲ್ಲ ಸೇರಿ ನನ್ನ ಸಾಮಾನಿನ ಲೆಕ್ಕ ಹಿಡಿದು ಹೊರಗೆ ಹಾಕಲು ಬರುತ್ತಿದ್ದಾರೆ ಎಂದೇ ತಿಳಿದೆ.

“ಸಂಜಿ ಒಳಗ ಮುಗಸಿ, ಮನಿ ಅವರ ಕೈಗೆ ಕೊಟ್ಟು ಬರ್ರಿ,” ಎಂದು ಫೌಜದಾರರು ಕಳಿಸಿದರು.

ಹೊಸ್ತಿಲ ಹೊರಗೆ ಬೂಟು ಬಿಚ್ಚಿ ಒಳಗೆ ಬಂದರು ಇಮಾಮಸಾಬರು. ಅದನ್ನೂ ನಾಟಕ ಎಂದುಕೊಂಡೆ ನಾನು. ಪಂಚರಲ್ಲಿ ಒಬ್ಬ ಚನ್ನವೀರಪ್ಪನ ಗೋದಾಮಿನ ಹಮಾಲ. ಇನ್ನೊಬ್ಬ ನಮ್ಮ ಓಣಿಯ ಮುದುಕ ಗೂಳಪ್ಪಜ್ಜ, ನೇಯ್ದು ನೇಯ್ದು ಬೆನ್ನು ಬಾಗಿದವನು. ಅವನ ಮಗ ಗೋದಾಮಿನಲ್ಲಿ ಕೆಲಸಕ್ಕಿದ್ದ. ಅಜ್ಜ ನನ್ನ ಮುಖ ನೋಡಲಿಲ್ಲ. ನನ್ನ ಗಂಡನಿಗೆ ಲಾಳಿ ಹಿಡಿಯಲು ಕಲಿಸಿದವನು ಅವನೇ.

ಮೊದಲು ಬಾಗಿಲ ಹತ್ತಿರ ಬಿದ್ದಿದ್ದ ಬೀಗ. ಇಮಾಮಸಾಬರು ಅದನ್ನು ಎತ್ತಿ, ತಿರುಗಿಸಿ, ಮೂಸಿ ಸಹ ನೋಡಿದರು. ಬರೆಯುತ್ತ ಓದಿದರು: “ಬೀಗವು ಹೊಚ್ಚ ಹೊಸದಿದ್ದು, ಅಂಗಡಿಯ ಎಣ್ಣೆ ಇನ್ನೂ ಹತ್ತಿಕೊಂಡಿದ್ದು, ಮಳೆ ಬಿಸಿಲು ಕಂಡ ಗುರುತು ಕಾಣಬರುವುದಿಲ್ಲ. ಹೌದೋ ಅಲ್ಲೋ?”

ಹಮಾಲ ಚನ್ನವೀರಪ್ಪನ ಮುಖ ನೋಡಿದ. “ಅಲ್ಲ ಬರೀಲೇನು? ಕೈ ಹಚ್ಚಿ ನೋಡು,” ಎಂದು ಬೀಗವನ್ನೇ ಅವನ ಕೈಗಿಟ್ಟರು. ಹಮಾಲನ ಬೆರಳಿಗೆ ಎಣ್ಣೆ ಹತ್ತಿತು. ಅವನು ಹೌದು ಅಂದ.

ಒಲೆಯ ಬೂದಿ, ಗೋಡೆಯ ಮಸಿ, ನುಚ್ಚಿನ ಗಡಿಗೆ, ಮಕ್ಕಳ ಪಾಟಿಚೀಲ, ಒಣಹಾಕಿದ ಲಂಗ ಎಲ್ಲವೂ ಕಾಗದಕ್ಕೆ ಹೋದವು. ಚನ್ನವೀರಪ್ಪ ಆಕಳಿಸಿದ. “ಸಾಬ್ರ, ಇದೇನು ಲಗ್ನದ ಯಾದಿನ? ಈ ಸಾಮಾನೆಲ್ಲ ಸೋಮವಾರ ತಂದಿಟ್ಟಾಳ. ಅಷ್ಟು ಬರೀರಿ, ಮುಗೀತು.”

“ಬರೀತೇನ್ರಿ ಸಾವಕಾರ್ರ. ನನ್ನ ಕೈ ನಿಧಾನ, ಏನ್ ಮಾಡ್ಲಿ,” ಎಂದು ಇಮಾಮಸಾಬರು ಮಗ್ಗದ ಹತ್ತಿರ ಬಂದು ನಿಂತರು. ಬಹಳ ಹೊತ್ತು ನೋಡಿದರು. ಆಮೇಲೆ ನನ್ನ ಕಡೆ ತಿರುಗಿ, “ಅಕ್ಕಾರ, ಇದರ ಮ್ಯಾಲ ಎಷ್ಟು ನೇಯ್ದೀರಿ? ಅಳದು ಬರಕೋಬೇಕು, ಸುತ್ತಿದ್ದು ಬಿಚ್ಚರಿ,” ಎಂದರು.

ನನ್ನ ಪಿತ್ತ ನೆತ್ತಿಗೇರಿತು.

ನಮ್ಮ ಮನೆಯಲ್ಲಿ ಒಂದು ಕಟ್ಟುಪಾಡು ಇತ್ತು. ಮಗ್ಗದಿಂದ ಇಳಿಯುವ ತನಕ ಅರಿವೆಗೆ ಮೊಳ ಹಾಕಬಾರದು. ಹಾಕಿದರೆ ಮಗ್ಗಕ್ಕೆ ಉದ್ದಕ್ಕೆ ಕಟ್ಟಿದ ಹಾಸುನೂಲು ಹರಿಯುತ್ತದೆ, ಮನೆಗೆ ಕೇಡು ಎಂದು ಅತ್ತೆ ಹೇಳುತ್ತಿದ್ದಳು. ಸೀರೆ ಎಲ್ಲಿ ಮುಗಿಯಬೇಕೆಂದು ಹಾಸಿನ ನೂಲಿಗೆ ಮೊದಲೇ ಗುರುತು ಹಾಕಿರುತ್ತೇವೆ, ಅಳೆಯುವ ಪ್ರಶ್ನೆಯೇ ಬರುವುದಿಲ್ಲ. ಸುತ್ತಿದ ಅರಿವೆಯನ್ನು ನಡುವೆ ಬಿಚ್ಚಿದರೆ ಬಿಗಿ ತಪ್ಪಿ ನೂಲು ಸಡಿಲಾಗುತ್ತದೆ, ಅದೂ ಒಂದು ಕಾರಣ. ಗಂಡ ಕಾಯಿಲೆ ಬೀಳುವ ಹಿಂದಿನ ವಾರ, ಯಾವುದೋ ಆತುರಕ್ಕೆ ಒಮ್ಮೆ ಮೊಳ ಹಾಕಿದ್ದ. ಹಾಗಾಗಿ ನನ್ನ ಮಟ್ಟಿಗೆ ಅದು ಬರೀ ಅತ್ತೆಯ ಮಾತಾಗಿ ಉಳಿದಿರಲಿಲ್ಲ.

“ಅಳ್ಯಾಂಗಿಲ್ಲ,” ಎಂದೆ. “ಮನಿ ಕಸಕೊಳ್ಳಾಕ ಬಂದೀರಿ, ಮಗ್ಗಾನೂ ಹಾಳ ಮಾಡಿ ಹೋಗೂರೇನು? ಮುಟ್ಟಿದ್ರ ನೋಡ್ರಿ ಮತ್ತ!”

“ಅಳೀಲಿಕ್ಕೇ ಬೇಕ್ರಿ ಅಕ್ಕಾರ.”

“ನಿಮ್ಮಪ್ಪ ಗಾದಿ ತುಂಬತಿದ್ದ, ನಿಮಗೇನ್ ಗೊತ್ತು ಮಗ್ಗದ ಸುದ್ದಿ!”

ಇಂಥ ಮಾತು ಆಡಿದೆ ನಾನು. ಇಮಾಮಸಾಬರು ಸಿಟ್ಟಾಗಲಿಲ್ಲ. “ಗೊತ್ತಿಲ್ರಿ. ಅದಕ್ಕ ಕೇಳಾಕ ಹತ್ತೇನಿ,” ಎಂದರು.

ಚನ್ನವೀರಪ್ಪ ನಕ್ಕ. “ನೋಡ್ರಿ, ಅಳ್ಯಾಕ ಕೊಡವಲ್ಲಳು. ಬ್ಯಾರೇದವರ ಮಗ್ಗ ತಂದು ಇಟ್ಟಾಳ, ಬಿಚ್ಚಿದ್ರ ಬೈಲಿಗೆ ಬರ್ತೈತಿ. ‘ಅಳ್ಯಾಕ ಕೊಡಲಿಲ್ಲ’ ಅಂತ ಬರಕೋರಿ.”

ಹಾಗೆ ಬರೆದು ಎದ್ದು ಹೋಗಿದ್ದರೆ ನನ್ನ ಕತೆ ಅಲ್ಲಿಗೇ ಮುಗಿಯುತ್ತಿತ್ತು. ಉಳಿಸುವ ಕೈಯನ್ನೇ ಕಚ್ಚುತ್ತಿದ್ದೆ ನಾನು. ಎದುರಾಳಿ ಅಲ್ಲೇ ನಿಂತಿದ್ದರಿಂದ ಅವರು ಏನನ್ನೂ ಬಿಡಿಸಿ ಹೇಳುವಂತಿರಲಿಲ್ಲ. ಪೆನ್ನನ್ನು ಕಿವಿಯ ಮೇಲೆ ಸಿಕ್ಕಿಸಿಕೊಂಡು ಗೂಳಪ್ಪಜ್ಜನ ಕಡೆ ತಿರುಗಿದರು.

“ಅಜ್ಜಾರ, ನೀವು ನೇಕಾರ್ರು. ಇಂಥಾದೊಂದು ಕುಣಿ ತೋಡಿ, ಮಗ್ಗ ಕೂಡಸಿ, ಹಾಸು ಕಟ್ಟಿ, ನೇಯಾಕ ಚಾಲೂ ಮಾಡಬೇಕಂದ್ರ ಎಷ್ಟು ದಿನ?”

ಅಜ್ಜ ನೆಲ ನೋಡಿದ. ಚನ್ನವೀರಪ್ಪ ಕೆಮ್ಮಿದ. ಮಗ್ಗದ ವಿಷಯಕ್ಕೆ ನೇಕಾರನ ಬಾಯಲ್ಲಿ ಸುಳ್ಳು ಬರುವುದು ಕಷ್ಟ. ಅಜ್ಜ ಕುಣಿಯ ಅಂಚಿಗೆ ಕುಕ್ಕರಗಾಲಲ್ಲಿ ಕೂತು, ಒಳಗೆ ಕೈ ಇಳಿಬಿಟ್ಟು, ನೆಲ ಸವರಿದ.

“ತೋಡಾಕ ಎಲ್ಡ ದಿನ ಸಾಕ್ರಿ. ಮಣ್ಣು ಮೆತ್ತಿ ಒಣಗಾಕ ಎಂಟು ದಿನ ಬೇಕು. ಕಂಬ ಹುಗದು ಹಾಸು ಕಟ್ಟಾಕ ಮತ್ತ ಎಲ್ಡ ದಿನ. ಆದ್ರ ಇದು ಹೊಸಾ ಕುಣಿ ಅಲ್ರಿ. ಹಿಮ್ಮಡ ತಿಕ್ಕಿ ತಿಕ್ಕಿ ನೆಲ ಕನ್ನಡಿ ಆಗೇತಿ. ಇದನ್ನ ನಾನ ತೋಡಿದ್ದು, ಇವರ ಮಾವನ ಕೂಡ. ಈ ಹುಡುಗಿ ಇಲ್ಲೇ ಕುಂತು ನೇಯ್ತಾಳ, ತವರಿಂದ ಬಂದ ಮ್ಯಾಲ ಒಂದ ದಿನಾನೂ ಲಾಳಿ ಸಪ್ಪಳ ನಿಂತಿಲ್ಲ.”

“ಗೂಳಪ್ಪಾ!” ಎಂದ ಚನ್ನವೀರಪ್ಪ.

“ಏನ್ ಮಾಡ್ಲಿ ಸಾವಕಾರ್ರ, ಕುಣಿ ಮುಟ್ಟಿ ಸುಳ್ಳ ಹೆಂಗ ಹೇಳ್ಲಿ? ಮಗನ್ನ ಕೆಲಸದಿಂದ ತಗದ್ರ ತಗೀರಿ,” ಎಂದ ಅಜ್ಜ. ಆಮೇಲೆ ನನ್ನನ್ನು ನೋಡಿ ಗದರಿಸಿದ: “ಏ ತಂಗಿ, ನಿಮ್ಮತ್ತಿ ನನಗೂ ಹೇಳ್ಯಾಳ ಆ ಮಾತು. ಬ್ಯಾರೇದವರು ಅಳ್ಯಾಕ ಬಂದ್ರ ಬ್ಯಾಡ ಅನ್ನು. ನೀನ ನಿನ್ನ ಕೈಲೆ ಅಳಿ. ಹಾಸು ಹರದ್ರ ನಾ ಬಂದು ಗಂಟು ಹಾಕ್ತೇನಿ.”

ಇಮಾಮಸಾಬರು ತಕ್ಷಣ, “ಆತಲ್ರಿ. ನಾ ಮುಟ್ಟಂಗಿಲ್ಲ, ನೀವ ಅಳೀರಿ,” ಎಂದು ಎರಡು ಹೆಜ್ಜೆ ಹಿಂದೆ ಸರಿದು ನಿಂತರು.

ಕಣ್ಣಲ್ಲಿ ನೀರು ಹಾಕಿಕೊಂಡು ಕುಣಿಗೆ ಇಳಿದೆ. ಸುತ್ತಿದ ಅರಿವೆಯನ್ನು ಬಿಚ್ಚುತ್ತ, ಮೊಣಕೈಯಿಂದ ಬೆರಳ ತುದಿಗೆ ಮೊಳ ಹಾಕುತ್ತ ಹೋದೆ. ಅದು ಮೂರು ಸೀರೆಗೆ ಕಟ್ಟಿದ ಹಾಸು. ಹದಿನಾರು ಮೊಳದ ಒಂದು ಸೀರೆ, ಅದಕ್ಕೆ ಹತ್ತಿಕೊಂಡೇ ಹದಿನಾರು ಮೊಳದ ಇನ್ನೊಂದು, ಮೂರನೆಯದರಲ್ಲಿ ಒಂಬತ್ತು ಮೊಳ. ಒಟ್ಟು ನಲವತ್ತೊಂದು. ದಿನಕ್ಕೆ ಎಷ್ಟು ನೇಯುತ್ತೀರಿ ಎಂದು ಇಮಾಮಸಾಬರು ಕೇಳಿದರು. ಮೂರು ಮೊಳ, ಮಕ್ಕಳಿಗೆ ಮೈಯಲ್ಲಿ ಹುಷಾರಿದ್ದರೆ, ಎಂದೆ. ಅದನ್ನೂ ಹಾಗೆಯೇ ಬರೆದುಕೊಂಡರು. ಕಡಿಯದೆ, ಗಂಟು ಬೀಳದೆ, ಒಂದೇ ಹಾಸಿನ ಮೇಲೆ ನೇಯ್ದದ್ದು ಎಂದು ಅಜ್ಜ ಹೇಳಿದ್ದನ್ನೂ ಬರೆದರು. ಲೆಕ್ಕ ಮಾತ್ರ ಹಾಕಲಿಲ್ಲ. ಇಷ್ಟಕ್ಕೆ ಎಷ್ಟು ದಿನ ಬೇಕು ಎಂದು ಗಟ್ಟಿಯಾಗಿ ಒಮ್ಮೆಯೂ ಕೇಳಲಿಲ್ಲ. ಆರು ಹಾಳೆಯಾಯಿತು. ಅಜ್ಜ ಸಹಿ ಹಾಕಿದ, ಹಮಾಲ ಹೆಬ್ಬೆಟ್ಟು ಒತ್ತಿದ.

ಬೂಟು ಹಾಕಿಕೊಂಡು ಹೊರಟವರ ಬೆನ್ನಿಗೆ ನಾನು ಓಣಿ ಕೇಳುವಂತೆ ಬೈದೆ. ಬರೆದ ಕೈ ಸೇದಿಹೋಗಲಿ, ನಿಮ್ಮ ಮನೆಯಲ್ಲಿ ಒಲೆ ಹತ್ತದಿರಲಿ ಎಂದೆಲ್ಲ. ಅವರು ತಿರುಗಿ ನೋಡಲಿಲ್ಲ.

ಸಂಜೆ ಯಾರಾದರೂ ಬಂದು ಹೊರಗೆ ಹಾಕುತ್ತಾರೆಂದು ಮಕ್ಕಳನ್ನು ಮಡಿಲಲ್ಲಿ ಇಟ್ಟುಕೊಂಡು ಕೂತೆ. ಯಾರೂ ಬರಲಿಲ್ಲ. ಮರುದಿನವೂ ಬರಲಿಲ್ಲ. ಠಾಣೆಯಲ್ಲಿ ಏನಾಯಿತೆಂದು ನನಗೆ ತಿಳಿದದ್ದು ಬಹಳ ದಿನದ ಮೇಲೆ. ಇಮಾಮಸಾಬರು ಆರೂ ಹಾಳೆಯನ್ನು ಮೇಜಿನ ಮೇಲಿಟ್ಟು, ಠಾಣೆಯ ದಿನಚರಿಯಲ್ಲಿ ದಾಖಲು ಮಾಡಿ, ಇದು ಸಿವಿಲ್ ಸ್ವರೂಪದ ತಕರಾರು, ನ್ಯಾಯಾಲಯದಲ್ಲಿ ಪರಿಹರಿಸಿಕೊಳ್ಳಬೇಕು ಎಂದು ಹಿಂಬರಹವನ್ನೂ ತಯಾರು ಮಾಡಿ ಸಹಿಗೆ ಇಟ್ಟರಂತೆ. ಫೌಜದಾರರು ಕೂಗಾಡಿದರಂತೆ. ಕಾಗದವನ್ನು ಹರಿದುಹಾಕಬಹುದಿತ್ತು, ಆದರೆ ದಿನಚರಿಯಲ್ಲಿ ನಂಬರು ಬಿದ್ದಾಗಿತ್ತು. ತಿಂಗಳೊಳಗೆ ಇಮಾಮಸಾಬರನ್ನು ತಾಲೂಕಿನ ತುದಿಯ ಠಾಣೆಗೆ ಎತ್ತಿ ಒಗೆದರು. ಹೆಂಡತಿ ರಾಬಿಯಕ್ಕನಿಗೆ ಉಬ್ಬಸ, ಇಲ್ಲಿಯ ಆಸ್ಪತ್ರೆ ಬಿಟ್ಟು ಹೋಗುವಂತಿಲ್ಲ. ಮೂರು ವರ್ಷ ಅವರು ದಿನಾ ಮೊದಲ ಬಸ್ಸಿಗೆ ಹೋಗಿ ಕಡೆಯ ಬಸ್ಸಿಗೆ ಬಂದರು. ವಿಷಯ ತಿಳಿಯುವ ತನಕ ನಾನು ಅವರನ್ನು ಬೈಯುತ್ತಲೇ ಇದ್ದೆ.

ಹಿಂಬರಹ ಕೈಗೆ ಬಂದ ಮೇಲೆ ಚನ್ನವೀರಪ್ಪನೇ ಕೋರ್ಟಿಗೆ ಹೋದ. ತಾನೇ ಕರೆಸಿದ ಪಂಚನಾಮೆಯನ್ನು ಓದದೆಯೇ, ಬೀಗ ಮುರಿದದ್ದಕ್ಕೆ ಸಾಕ್ಷಿ ಎಂದು ದಾವೆಯ ಜೊತೆ ಹಾಜರುಮಾಡಿದ. ಓದಿದವರು ನಮ್ಮ ವಕೀಲರು. ಮೊದಲ ದಿನ ಅವರು ಆ ಹಾಳೆಗಳನ್ನು ಓದಿ ಮುಗಿಸಿ, ಕನ್ನಡಕ ತೆಗೆದು, “ಸಾವಂತ್ರೆವ್ವಾ, ಈ ಹವಾಲ್ದಾರ ನಿಮಗ ಏನಾಗಬೇಕು?” ಎಂದು ಕೇಳಿದರು. “ನನ್ನ ವೈರಿ,” ಎಂದೆ. ಅವರು ಲೆಕ್ಕ ಹಾಕಿ ತೋರಿಸಿದರು. ದಿನಕ್ಕೆ ಮೂರು ಮೊಳದಂತೆ ನಲವತ್ತೊಂದು ಮೊಳಕ್ಕೆ ಹದಿನಾಲ್ಕು ದಿನ. ಸೋಮವಾರ ಬಂದು ಹೊಕ್ಕವಳು ಗುರುವಾರದೊಳಗೆ ಎಷ್ಟು ನೇಯ್ದಾಳು?

ಕೋರ್ಟಿನ ಬೇವಿನ ಗಿಡದ ಕೆಳಗೆ ಕೂತು ಅತ್ತುಬಿಟ್ಟೆ. ಗಂಡ ಸತ್ತಾಗ ಸಹ ಹಾಗೆ ಅತ್ತಿರಲಿಲ್ಲ.

ದಾವೆ ಮುಗಿಯುವ ತನಕ ನನ್ನನ್ನು ಯಾರೂ ಕದಲಿಸಬಾರದೆಂದು ತಡೆಯಾಜ್ಞೆ ಬಂತು. ಸಾಕ್ಷಿ ವಿಚಾರಣೆಗೆ ಇಮಾಮಸಾಬರು ಬಂದಾಗ ಅವರ ಮೀಸೆ ಬೆಳ್ಳಗಾಗಿತ್ತು. ಎದುರು ವಕೀಲರು ಗದ್ದಲ ಎಬ್ಬಿಸಿದರು. “ಮೊಳ ಅಂದ್ರ ಯಾರ ಮೊಳ? ಒಬ್ಬೊಬ್ಬರ ಕೈ ಒಂದೊಂದು ನಮೂನಿ ಇರ್ತಾವ.”

“ಬರದೇನಲ್ರಿ,” ಎಂದರು ಇಮಾಮಸಾಬರು. “ಸದರಿ ಮಹಿಳೆಯು ತನ್ನ ಬಲಗೈಯಿಂದ ಅಳೆದು ತೋರಿಸಲಾಗಿ, ಅಂತ.”

ನ್ಯಾಯಾಧೀಶರು ನನ್ನನ್ನು ಮುಂದೆ ಕರೆದು ಕೈ ಚಾಚಲು ಹೇಳಿದರು. ಗುಮಾಸ್ತರು ಅಳತೆಪಟ್ಟಿ ತಂದು ಹಿಡಿದರು. ಹದಿನೆಂಟು ಇಂಚಿಗೆ ಒಂದು ನೂಲು ಕಮ್ಮಿ. ನಾನು ಗಂಡಸರಷ್ಟು ಎತ್ತರದ ಹೆಂಗಸು, ಚಿಕ್ಕವಳಿದ್ದಾಗ ನನ್ನನ್ನು ಒಂಟೆ ಎಂದು ಕರೆಯುತ್ತಿದ್ದರು. ಕೋರ್ಟಿನಲ್ಲಿ ಎಲ್ಲರೂ ನಕ್ಕರು, ನ್ಯಾಯಾಧೀಶರೂ ನಕ್ಕರು. “ಸಣ್ಣ ಹುಡುಗರ ಕೈಲೆ ಅಳದ್ರೂ ನಾಲ್ಕು ದಿನದ ನೇಯ್ಗಿ ಆಗಂಗಿಲ್ಲ ಬಿಡ್ರಿ,” ಎಂದು ಮುಂದಿನ ಪ್ರಶ್ನೆಗೆ ಹೋದರು.

ದಾವೆ ವಜಾ ಆಯಿತು. ಪಾಲಿನ ದಾವೆ ಬೇರೆ ನಡೆದು ಅದೂ ಮುಗಿದು, ಈ ಎರಡಂಕಣ ಈಗ ಕಾಗದದಲ್ಲೂ ನನ್ನದೇ. ಕೋರ್ಟಿನ ಮೆಟ್ಟಿಲ ಮೇಲೆ ನಾನು ಇಮಾಮಸಾಬರ ಕಾಲು ಮುಟ್ಟಲು ಬಗ್ಗಿದಾಗ ಅವರು ಹೌಹಾರಿ ಹಿಂದೆ ಸರಿದರು. “ಏ ಏ, ಇದೇನ್ರಿ! ಬಸ್ಸು ತಪ್ತೈತಿ ನನಗ,” ಎಂದು ಓಡಿದಂತೆ ಹೋದರು.

ಹೋದ ವಾರ ರಾಬಿಯಕ್ಕನಿಗೆಂದು ನೇಯ್ದ ದಾಳಿಂಬೆ ಬಣ್ಣದ ಸೀರೆ ತೆಗೆದುಕೊಂಡು ಅವರ ಮನೆಗೆ ಹೋದೆ. ಇಮಾಮಸಾಬರು ಕಟ್ಟೆಯ ಮೇಲೆ ಹಳೆಯ ಗಾದಿ ಬಿಚ್ಚಿ ಹರವಿಕೊಂಡು ಕೈಯಿಂದಲೇ ಹತ್ತಿ ಬಿಡಿಸುತ್ತಿದ್ದರು. ರಾಬಿಯಕ್ಕ ಸೀರೆಯನ್ನು ಕೆನ್ನೆಗೆ ಒತ್ತಿ ನೋಡಿ, ಚಹಾ ಮಾಡಲು ಒಳಗೆ ಹೋದಳು. ನಾನು ಎಷ್ಟೋ ವರ್ಷದಿಂದ ಕೇಳಬೇಕೆಂದಿದ್ದನ್ನು ಕೇಳಿದೆ.

“ಸಾಬ್ರ, ಆವತ್ತು ನಾ ಹಂಗೆಲ್ಲ ಬೈದೆ. ಆದ್ರೂ ನೀವು ಯಾಕ ಬರದ್ರಿ? ನಾ ನಿಮಗ ಯಾರು?”

ಅವರು ಹತ್ತಿ ಬಿಡಿಸುವುದನ್ನು ನಿಲ್ಲಿಸಲಿಲ್ಲ. ತಲೆ ತಗ್ಗಿಸಿಕೊಂಡೇ ಹೇಳಿದರು.

“ನೌಕರಿಗೆ ಸೇರಿದ ಹೊಸದಾಗಿ ಬ್ಯಾರೆ ಊರಾಗಿದ್ದೆ ರೀ. ಸಾಹೇಬ್ರು ಬಾಯಿಮಾತಿನ್ಯಾಗ ಹೇಳಿದ್ರು, ಒಂದು ಮನಿ ಖಾಲಿ ಮಾಡ್ಸಿ ಬರ್ರಿ ಅಂತ. ನಾವು ನಾಲ್ಕು ಮಂದಿ ಹೋದ್ವಿ. ಒಬ್ಬಾಕಿ ಹೆಣ್ಣುಮಗಳು ಇದ್ಲು, ಒಲಿ ಮ್ಯಾಲ ಅನ್ನ ಕುದೀತಿತ್ತು. ಆಕಿ ಅಳಲಿಲ್ಲ, ಬೈಲಿಲ್ಲ. ‘ಅನ್ನ ಆಗೂತನಕ ನಿಲ್ರಿ’ ಅಂದ್ಲು. ನಾನ ಅರಿವಿ ಹಿಡಕೊಂಡು ಗಡಿಗಿ ಇಳಿಸಿ, ಹೊರಗ ಬೀದ್ಯಾಗ ಇಟ್ಟು ಬಂದೆ. ಕುದಿಯೂ ಅನ್ನ.”

ಅವರು ಗಾದಿಯಿಂದ ಇನ್ನೊಂದು ಹಿಡಿ ಹತ್ತಿ ಎಳೆದುಕೊಂಡರು.

“ಆಕಿ ಕೋರ್ಟಿಗೆ ಹೋಗಿದ್ಲಂತ. ಸೋತ್ಲು. ಆಕಿ ಆ ಮನ್ಯಾಗ ಇದ್ಲು ಅನ್ನಾಕ ಒಂದ ಒಂದು ಕಾಗದ ಇರಲಿಲ್ಲ. ನಾವು ನಾಲ್ಕು ಮಂದಿ ನೋಡಿದ್ವಿ, ಒಬ್ಬರೂ ಒಂದು ಸಾಲು ಬರೀಲಿಲ್ಲ. ಅವತ್ತಿನಿಂದ ನೋಡ್ರಿ, ಕಣ್ಣಿಗೆ ಕಂಡದ್ದೆಲ್ಲಾ ಬರ್ಯಾಕ ಚಾಲೂ ಮಾಡಿದೆ. ಬರವಣಿಗಿ ನಿಧಾನ ಅಂತ ಎಲ್ಲಾರೂ ನಗತಿದ್ರು. ಅವಸರ ಮಾಡಿದ್ರ ಏನರ ಬಿಟ್ಟುಹೋದೀತು ಅಂತ ಅಂಜಿಕಿ ನನಗ.”

“ಆಕಿ ಹೆಸರೇನ್ರಿ?”

“ಕೇಳಲಿಲ್ರಿ ಅಕ್ಕಾರ. ಗಡಿಗಿ ಇಳಿಸಿದೆ, ಹೆಸರು ಕೇಳಲಿಲ್ಲ.”

ಇಷ್ಟು ವರ್ಷ ನಾನು ನೆನೆದದ್ದು ಇವರೊಬ್ಬರನ್ನೇ. ದೀಪ ಹಚ್ಚುವಾಗ, ಮಕ್ಕಳ ಮದುವೆಯಲ್ಲಿ, ಮಗ್ಗಕ್ಕೆ ಹೊಸ ಹಾಸು ಕಟ್ಟುವಾಗೆಲ್ಲ ಇವರಿಗೆ ಒಳ್ಳೆಯದಾಗಲಿ ಎಂದಿದ್ದೇನೆ. ಅವತ್ತು ಆ ಹೆಣ್ಣುಮಗಳು ಬೀದಿಗೆ ಬೀಳದಿದ್ದರೆ ಇವರು ನನ್ನ ಮನೆಗೆ ಬಂದು ನೋಡದೆ ಮುಚ್ಚಳಿಕೆಯನ್ನೇ ಬರೆಯುತ್ತಿದ್ದರೋ ಏನೋ. ಅವಳ ಒಲೆ ಆರಿದ್ದಕ್ಕೆ ನನ್ನ ಒಲೆ ಉಳಿಯಿತು. ಅವಳಿಗೆ ಅದು ಗೊತ್ತಿಲ್ಲ. ಬದುಕಿದ್ದಾಳೋ ಇಲ್ಲವೋ ಅದೂ ನಮಗೆ ಗೊತ್ತಿಲ್ಲ.

ನಾನು ಕಟ್ಟೆಯಿಂದ ಇಳಿದು ನಿಂತು ಎರಡೂ ಕೈ ಮುಗಿದೆ.

“ನನಗ ಯಾಕ್ರಿ ಅಕ್ಕಾರ ಇದೆಲ್ಲಾ,” ಎಂದರು ಇಮಾಮಸಾಬರು, ಅವರ ಕಣ್ಣು ತುಂಬಿತ್ತು.

“ನಿಮಗಷ್ಟ ಅಲ್ರಿ,” ಎಂದೆ.